ಹಾಜರಿಯಿಂದ ಪಟ್ಟಿಗೆ: ಗಡಿಯ ಬೇಡರು ಮತ್ತು ಭೀಮರಾವ್ ಗಸ್ತಿ

ಕನ್ನಡದ ‘ಬೇಡರ’ ಮರಾಠಿಯಲ್ಲಿ ಅಕ್ಷರಪಲ್ಲಟಗೊಂಡು ‘ಬೇರಡ’ ಆಗಿದೆ. ಹಿರಣ್ಯಕೇಶಿಯ ದಂಡೆಗುಂಟ ಮಹಾರಾಷ್ಟ್ರದ ಗಡಹಿಂಗ್ಲಜದಿಂದ ಕರ್ನಾಟಕದ ಸಂಕೇಶ್ವರಕ್ಕೆ ಬಂದರೆ ಹೆಸರು ಎರಡು, ಜನ ಒಂದೇ. ಈ ಸಮುದಾಯದ ನಾಯಕ ಭೀಮರಾವ್ ಗಸ್ತಿಯವರನ್ನು ಸಾಮಾನ್ಯವಾಗಿ ಮರಾಠಿ ಆತ್ಮಕಥನಕಾರರ ಸಾಲಿನಲ್ಲಿಟ್ಟು ಓದುತ್ತೇವೆ. ಸರ್ಕಾರದ ದಫ್ತರಗಳ ಎದುರಿಗಿಟ್ಟು ಓದಿದರೆ ಆ ಬದುಕಿನ ಅರ್ಥವೇ ಬೇರೆಯಾಗುತ್ತದೆ.

ಊರ ಕಾವಲು, ತಳವಾರಿಕೆ ಬೇಡರ ಹಳೆಯ ವೃತ್ತಿ. ‘ಗಸ್ತಿ’ ಎಂಬ ಅಡ್ಡಹೆಸರಿನಲ್ಲೂ ಗಸ್ತು ತಿರುಗುವ ಆ ಕಾಯಕದ ನೆರಳಿದೆ ಎಂದು ನನ್ನ ಊಹೆ. 1857ರಲ್ಲಿ ಆಯುಧಗಳಿಗೆ ಪರವಾನಿಗೆ ಬೇಕೆಂಬ ಕಾನೂನನ್ನು ಮುಧೋಳ ಸಂಸ್ಥಾನದ ಹಲಗಲಿಯ ಬೇಡರು ಧಿಕ್ಕರಿಸಿದರು, ಹಲವರು ಗಲ್ಲಿಗೇರಿದರು. 1871ರ ಅಪರಾಧಿ ಬುಡಕಟ್ಟುಗಳ ಕಾಯ್ದೆ ಹುಟ್ಟನ್ನೇ ಗುನ್ನೆಯಾಗಿಸಿತು. ಅದನ್ನು ವಿಸ್ತರಿಸಿದ 1911ರ ಕಾಯ್ದೆಯ ಕಾಲಕ್ಕೆ, ಊರು ಕಾಯುತ್ತಿದ್ದವರು ತಾವೇ ಕಾವಲಿನೊಳಗೆ ಸಿಕ್ಕಿದ್ದರು. ಕೊಲ್ಹಾಪುರದಲ್ಲಿ ಶಾಹೂ ಮಹಾರಾಜರು 1918ರಲ್ಲಿ ಮಹಾರ, ಮಾಂಗ, ರಾಮೋಶಿ, ಬೇರಡರು ಅಧಿಕಾರಿಗಳೆದುರು ದಿನವೂ ಹೆಸರು ಕೊಡಬೇಕಿದ್ದ ಹಾಜರಿ ಪದ್ಧತಿಯನ್ನು ರದ್ದುಗೊಳಿಸಿದರು. ಬ್ರಿಟಿಷ್ ಕಾಯ್ದೆ ರದ್ದಾದದ್ದು 1952ರಲ್ಲಿ. ಆಸ್ಟ್ರೇಲಿಯಾದ ಮೂಲನಿವಾಸಿಗಳು ಅಧಿಕೃತ ಜನಸಂಖ್ಯೆಯ ಲೆಕ್ಕಕ್ಕೆ ಸೇರಲು 1967ರ ಜನಮತಗಣನೆಯವರೆಗೆ ಕಾಯಬೇಕಾಯಿತು. ಇಲ್ಲಿಯ ಸಂಕಟ ಅದರ ತಿರುವುಮುರುವು: ಲೆಕ್ಕ ಹಾಕುವುದೇ ಶಿಕ್ಷೆಯಾಗಿತ್ತು.

ಗಸ್ತಿ ಬೆಳಗಾವಿ ಪಕ್ಕದ ಯಮನಾಪುರದವರು. ತಂತ್ರಜ್ಞಾನದಲ್ಲಿ ಉನ್ನತ ವ್ಯಾಸಂಗ ಮಾಡಿದವರು ನೌಕರಿ ಬಿಟ್ಟು ಕೇರಿಗೆ ಮರಳಿದರು. ಕಾಯ್ದೆ ಸತ್ತಿದ್ದರೂ ಪೊಲೀಸರ ಸಂಶಯ ಸತ್ತಿರಲಿಲ್ಲ. ಸುತ್ತ ಎಲ್ಲಿ ಕಳವಾದರೂ ಮೊದಲು ಬಾಗಿಲು ತಟ್ಟುತ್ತಿದ್ದುದು ಬೇರಡರದು. ‘ಬೇರಡ’, ‘ಆಕ್ರೋಶ’ ಕೃತಿಗಳು ಈ ಅನುಭವದಿಂದ ಹುಟ್ಟಿದವು. ಕನ್ನಡ ನೆಲದ ಈ ಕಥೆ ಮರಾಠಿಯಲ್ಲಿ ಬಂದದ್ದಕ್ಕೆ ಕಾರಣ ಹುಡುಕಬೇಕಿಲ್ಲ: ‘ಬಲುತ’, ‘ಉಪರಾ’ದಂಥ ಆತ್ಮಕಥನಗಳು ಆಗಲೇ ಅಲ್ಲಿ ಓದುಗರನ್ನು ಸಿದ್ಧಗೊಳಿಸಿದ್ದವು. ಗಸ್ತಿಯವರ ‘ಉತ್ಥಾನ’ ಸಂಸ್ಥೆ ನಿಪ್ಪಾಣಿ ಸುತ್ತ ದೇವದಾಸಿಯರ ನಡುವೆ ದುಡಿಯಿತು. ಎಲ್ಲಮ್ಮನಿಗೆ ಬಿಟ್ಟ ಹುಡುಗಿಯರಲ್ಲಿ ತಮ್ಮ ಸಮುದಾಯದವರೂ ಇದ್ದುದರಿಂದ ಪೊಲೀಸರತ್ತ ಚಾಚಿದ ಬೆರಳನ್ನು ಅವರು ಸ್ವಂತ ಮನೆಯತ್ತಲೂ ತಿರುಗಿಸಬೇಕಾಯಿತು. ಹಕ್ಕಿನ ಹೋರಾಟಗಾರರಲ್ಲಿ ಇದು ಅಪರೂಪ. 2017ರ ಆಗಸ್ಟ್‌ನಲ್ಲಿ ಗಸ್ತಿ ತೀರಿಕೊಂಡರು.

ಹಾಜರಿಪುಸ್ತಕ ಹೋಗಿ ಮೀಸಲಾತಿ ಪಟ್ಟಿ ಬಂದಿದೆ. 1991ರ ತಿದ್ದುಪಡಿಯಿಂದ ಕರ್ನಾಟಕದಲ್ಲಿ ಬೇಡ, ನಾಯಕ, ವಾಲ್ಮೀಕಿ ಪರಿಶಿಷ್ಟ ಪಂಗಡ. ಮಹಾರಾಷ್ಟ್ರದಲ್ಲಿ ಬೇರಡರು ಶೇ. 3ರ ಮೀಸಲಾತಿಯ ವಿಮುಕ್ತ ಜಾತಿಗಳಲ್ಲೊಬ್ಬರು. ವಲಸೆ ಹೋದವರ ಪಂಗಡದ ಸೌಲಭ್ಯ ಇನ್ನೊಂದು ರಾಜ್ಯಕ್ಕೆ ಹಿಂಬಾಲಿಸದು ಎಂದು ಸುಪ್ರೀಂ ಕೋರ್ಟು 1990ರಲ್ಲೇ, ಮರ್ರಿ ಚಂದ್ರಶೇಖರ ರಾವ್ ಪ್ರಕರಣದಲ್ಲಿ ಹೇಳಿದೆ. ಸಂಕೇಶ್ವರದ ಬೇಡರ ಮಗಳು ಗಡಹಿಂಗ್ಲಜದ ಬೇರಡರ ಮನೆಗೆ ಸೊಸೆಯಾಗಿ ಹೋದರೆ ಅವಳ ಪ್ರಮಾಣಪತ್ರ ತವರಿನ ಪೆಟ್ಟಿಗೆಯಲ್ಲೇ ಉಳಿಯುತ್ತದೆ.