ಓರೆ ಬಿರುಕಿನ ಅರ್ಥ: ಕಟ್ಟಡದೊಳಗಿನ ಅಭಿಲಂಬ ಮತ್ತು ಕರ್ತನ ಪ್ರತಿಬಲಗಳು

ಥಾಣೆ, ಡೊಂಬಿವಲಿ, ಕಲ್ಯಾಣ್ ಹಾಗೂ ನವಿಮುಂಬಯಿ ಪರಿಸರದ ಅನೇಕ ಕನ್ನಡಿಗ ಕುಟುಂಬಗಳು ಹೌಸಿಂಗ್ ಸೊಸೈಟಿಗಳ ಹಳೆಯ ಕಟ್ಟಡಗಳಲ್ಲಿ ವಾಸಿಸುತ್ತಿವೆ. ಈ ಪರಿಸರವು ಕಂಡ ದುರಂತಗಳು ಕಡಿಮೆಯೇನಲ್ಲ. 2013ರ ಎಪ್ರಿಲ್ 4ರಂದು ಥಾಣೆಯ ಮುಂಬ್ರಾ ಸಮೀಪದ ಶೀಳ್ ಫಾಟಾದಲ್ಲಿ ನಿರ್ಮಾಣ ಹಂತದ ಅನಧಿಕೃತ ಕಟ್ಟಡ ಕುಸಿದು 74 ಮಂದಿ ಅಸುನೀಗಿದರು. 2015ರ ಜುಲೈ 28ರ ರಾತ್ರಿ ಡೊಂಬಿವಲಿಗೆ ಹೊಂದಿಕೊಂಡ ಠಾಕುರ್ಲಿಯಲ್ಲಿ 9 ಮಂದಿ, 2024ರ ಜುಲೈ 27ರಂದು ನವಿಮುಂಬಯಿಯ ಶಹಾಬಾಜ್ ಗ್ರಾಮದಲ್ಲಿ 3 ಮಂದಿ, 2025ರ ಮೇ 20ರಂದು ಕಲ್ಯಾಣ್ ಪೂರ್ವದಲ್ಲಿ ಸ್ಲ್ಯಾಬ್ ಕುಸಿದು 6 ಮಂದಿ ಬಲಿಯಾದರು. ಒಂದೊಂದು ದುರಂತದ ಕಾರಣ ಒಂದೊಂದು ಬಗೆಯದಾದರೂ ಭಾರ ಹೊತ್ತ ವಸ್ತು ಒಳಗೆ ಹೇಗೆ ಸೋಲುತ್ತದೆ ಎಂಬ ನಿಯಮ ಎಲ್ಲ ಕಟ್ಟಡಗಳಿಗೂ ಒಂದೇ. ಅದನ್ನು ಅರಿತರೆ, ಯಾವ ಬಿರುಕು ಕಂಡಾಗ ಕೂಡಲೇ ಇಂಜಿನಿಯರರನ್ನು ಕರೆಸಬೇಕೆಂಬುದು ಸಾಮಾನ್ಯ ನಿವಾಸಿಗೂ ತಿಳಿಯುತ್ತದೆ.

ಎರಡು ಬಗೆಯ ಪ್ರತಿಬಲ

ಹೊರಗಿನಿಂದ ಭಾರ ಬಿದ್ದಾಗ ವಸ್ತುವಿನ ಒಳಗೆ ಪ್ರತಿ ಚದರ ಸೆಂಟಿಮೀಟರಿನಲ್ಲಿ ಹುಟ್ಟುವ ಎದುರುಬಲವೇ ಪ್ರತಿಬಲ; ಇಂಜಿನಿಯರರ ಮಾತಿನಲ್ಲಿ ಸ್ಟ್ರೆಸ್. ಇಸ್ಪೀಟಿನ ಕಟ್ಟೊಂದನ್ನು ಮೇಜಿನ ಮೇಲಿಟ್ಟು ಮೇಲಿನಿಂದ ಒತ್ತಿದರೆ ಎಲೆಗಳು ಒಂದಕ್ಕೊಂದು ಬಿಗಿಯುತ್ತವೆ. ಹೀಗೆ ತಲಕ್ಕೆ ನೇರವಾಗಿ ಒತ್ತುವ ಅಥವಾ ಎಳೆಯುವ ಅಂಶವೇ ಅಭಿಲಂಬ ಪ್ರತಿಬಲ, ಅಂದರೆ ನಾರ್ಮಲ್ ಸ್ಟ್ರೆಸ್. ಅದೇ ಕಟ್ಟನ್ನು ಪಕ್ಕಕ್ಕೆ ತಳ್ಳಿದರೆ ಎಲೆಗಳು ಒಂದರ ಮೇಲೊಂದು ಜಾರುತ್ತವೆ. ಹೀಗೆ ಜಾರಿಸುವ ಅಂಶವೇ ಕರ್ತನ ಪ್ರತಿಬಲ, ಅಂದರೆ ಶಿಯರ್ ಸ್ಟ್ರೆಸ್.

ಒಂದು ಕಂಬದ ಲೆಕ್ಕ

30 ಸೆಂ.ಮೀ. ಅಗಲ, 30 ಸೆಂ.ಮೀ. ದಪ್ಪದ ಕಂಬವೊಂದು 45 ಟನ್ ಭಾರ ಹೊತ್ತಿದೆಯೆನ್ನೋಣ. ಅದರ ಅಡ್ಡಕೊಯ್ತದ ವಿಸ್ತೀರ್ಣ 900 ಚದರ ಸೆಂ.ಮೀ. ಒಳಗಿನ ಕಬ್ಬಿಣದ ಪಾಲನ್ನು ಲೆಕ್ಕಕ್ಕೆ ಹಿಡಿಯದಿದ್ದರೆ, ಅಡ್ಡ ತಲದ ಮೇಲೆ ಚದರ ಸೆಂಟಿಮೀಟರಿಗೆ 50 ಕಿಲೋ ಅಭಿಲಂಬ ಪ್ರತಿಬಲವಿದೆ, ಕರ್ತನ ಸೊನ್ನೆ.

ಈಗ ಅದೇ ಕಂಬವನ್ನು 45 ಡಿಗ್ರಿ ಓರೆಯಾಗಿ ಕೊಯ್ದಂತೆ ಊಹಿಸಿರಿ. ಕೊಯ್ತದ ವಿಸ್ತೀರ್ಣ ಸುಮಾರು 1,273 ಚದರ ಸೆಂ.ಮೀ.ಗೆ ಹಿಗ್ಗುತ್ತದೆ. ನೇರವಾಗಿ ಕೆಳಗಿಳಿಯುವ 45 ಟನ್ ಬಲವು ಈ ಓರೆ ತಲದಲ್ಲಿ ಎರಡಾಗಿ ಒಡೆಯುತ್ತದೆ: ತಲವನ್ನು ಒತ್ತುವ ಸುಮಾರು 31.8 ಟನ್, ತಲದ ಗುಂಟ ಜಾರಿಸುವ ಸುಮಾರು 31.8 ಟನ್. ಭಾಗಿಸಿದರೆ ಎರಡೂ ಚದರ ಸೆಂಟಿಮೀಟರಿಗೆ 25 ಕಿಲೋ. ಓರೆ 30 ಡಿಗ್ರಿಯಾದರೆ ಅಭಿಲಂಬ 37.5, ಕರ್ತನ ಸುಮಾರು 21.7, 60 ಡಿಗ್ರಿಯಾದರೆ ಅಭಿಲಂಬ 12.5, ಕರ್ತನ ಮತ್ತೆ ಸುಮಾರು 21.7. ಹೀಗೆ ಕರ್ತನವು 45 ಡಿಗ್ರಿಯಲ್ಲಿ ಗರಿಷ್ಠವಾಗುತ್ತದೆ. ಅದರ ಪ್ರಮಾಣ ಮೂಲ ಪ್ರತಿಬಲದ ಸರಿಯಾಗಿ ಅರ್ಧ. ಭಾರವು ನೆಟ್ಟಗೆ ಇಳಿದರೂ ಕಂಬದೊಳಗೆ ಓರೆಯಾಗಿ ಜಾರುವ ಒತ್ತಾಯ ಇದ್ದೇ ಇರುತ್ತದೆ.

ಫ್ರಾನ್ಸಿನ ಕುಲಾಂಬ್ 1773ರಲ್ಲಿಯೇ ಇಂಥ ಓರೆ ತಲಗಳ ವಿಚಾರವನ್ನು ಮಂಡಿಸಿದ್ದನು. ತಲವನ್ನು ಒತ್ತುವ ಬಲ ಹೆಚ್ಚಿದಷ್ಟೂ ಘರ್ಷಣೆಯು ಜಾರುವಿಕೆಯನ್ನು ತಡೆಯುತ್ತದೆ. ಆದುದರಿಂದ ಒತ್ತಡಕ್ಕೊಳಗಾದ ಕಲ್ಲು, ಕಾಂಕ್ರೀಟುಗಳು 45 ಡಿಗ್ರಿಗಿಂತಲೂ ಕಡಿದಾದ ಓರೆಯಲ್ಲಿ ಸೀಳುವುದುಂಟು. ಎಲ್ಲ ಕೋನಗಳ ಪ್ರತಿಬಲವನ್ನು ಒಂದೇ ವೃತ್ತದಲ್ಲಿ ಓದುವ ಸುಲಭ ವಿಧಾನವನ್ನು 1882ರಲ್ಲಿ ಜರ್ಮನಿಯ ಆಟೋ ಮೋರ್ ನೀಡಿದನು. ಇಂದಿಗೂ ಇಂಜಿನಿಯರಿಂಗ್ ವಿದ್ಯಾರ್ಥಿಗಳು ಮೋರ್ ವೃತ್ತವನ್ನು ಕಲಿಯುತ್ತಾರೆ.

ತೊಲೆಯ ಓರೆ ಬಿರುಕು

ತೊಲೆಯಲ್ಲಿ, ಅಂದರೆ ಬೀಮ್‌ನಲ್ಲಿ, ಕರ್ತನವು ಸಾಮಾನ್ಯವಾಗಿ ಕಂಬವನ್ನು ಸೇರುವ ತುದಿಯ ಬಳಿ ಅತ್ಯಧಿಕ. ಬರೀ ಕರ್ತನವಿರುವ ಕಡೆ ಒಂದು ಓರೆ ತಲದ ಮೇಲೆ ಪೂರ್ಣ ಎಳೆತವೂ ಅದಕ್ಕೆ ಲಂಬವಾದ ಇನ್ನೊಂದು ತಲದ ಮೇಲೆ ಪೂರ್ಣ ಒತ್ತಡವೂ ಇರುತ್ತದೆ. ಶಾಲೆಯ ಸೀಮೆಸುಣ್ಣದ ಕಡ್ಡಿಯನ್ನು ಎರಡೂ ಕೈಗಳಿಂದ ತಿರುಚಿದರೆ ಅದು 45 ಡಿಗ್ರಿಯ ಸುರುಳಿಯಾಗಿ ಮುರಿಯುವುದು ಈ ಎಳೆತದಿಂದಲೇ. ಕಾಂಕ್ರೀಟು ಸಹ ಸೀಮೆಸುಣ್ಣದಂತೆ: ಒತ್ತಡವನ್ನು ಚೆನ್ನಾಗಿ ತಾಳುತ್ತದೆ, ಎಳೆತವನ್ನು ಸುಮಾರು ಅದರ ಹತ್ತನೆಯ ಒಂದು ಪಾಲಿನಷ್ಟು ಮಾತ್ರ ತಾಳುತ್ತದೆ. ಹೀಗಾಗಿ ಕಂಬದ ಸಮೀಪದಿಂದ ತೊಲೆಯ ನಡುವಿನ ಕಡೆಗೆ ಓರೆಯಾಗಿ ಮೇಲೇರುವ ಬಿರುಕು ಹುಟ್ಟುತ್ತದೆ. ಕೆಲಸಗಾರರು ರಿಂಗ್ ಎನ್ನುವ ಕಬ್ಬಿಣದ ಬಳೆಗಳನ್ನು ತೊಲೆಯ ತುದಿಗಳಲ್ಲಿ ಒತ್ತೊತ್ತಾಗಿ ಕಟ್ಟುವುದು ಈ ಬಿರುಕನ್ನು ಹಿಡಿದಿಡಲೆಂದೇ. ರಿಂಗ್ ತುಕ್ಕು ಹಿಡಿದು ಸವೆದರೆ ಆ ಹಿಡಿತ ಹೋಯಿತು. ಬಾಗುವ ತೊಲೆ ಸಾಮಾನ್ಯವಾಗಿ ಮೊದಲು ಜೋತುಬಿದ್ದು ಎಚ್ಚರಿಸುತ್ತದೆ. ಕರ್ತನದಿಂದ ಸೋಲುವ ತೊಲೆ ಹೆಚ್ಚು ಸೂಚನೆ ನೀಡದೆ ಒಮ್ಮೆಲೇ ಕುಸಿಯಬಹುದು.

ನಿವಾಸಿಗಳು ಗಮನಿಸಬೇಕಾದುದು

ಗಿಲಾವಿನ ಮೇಲೆ ಬಲೆಯಂತೆ ಹರಡಿದ ಕೂದಲೆಳೆಯ ಬಿರುಕು ಹೆಚ್ಚಾಗಿ ಗಿಲಾವು ಒಣಗಿ ಕುಗ್ಗಿದ್ದರ ಗುರುತು. ಕಂಬದ ಉದ್ದಕ್ಕೂ ಸರಳಿನ ಗುಂಟ ನೆಟ್ಟಗೆ ಸಾಗುವ ಬಿರುಕು ತುಕ್ಕಿನದು. ತುಕ್ಕು ಉಬ್ಬಿ ಕಾಂಕ್ರೀಟನ್ನು ಸೀಳುತ್ತದೆ. ಖಾರಿಯ ಉಪ್ಪುಗಾಳಿ ಹಾಗೂ ಶೌಚಾಲಯದ ಸೋರಿಕೆಗಳು ಇದನ್ನು ಬೆಳೆಸುತ್ತವೆ. ಇಟ್ಟಿಗೆ ಗೋಡೆಯಲ್ಲಿ ಮೆಟ್ಟಿಲಿನಂತೆ ಓರೆಯಾಗಿ ಏರುವ ಬಿರುಕು ಬುನಾದಿ ಒಂದು ಕಡೆ ಕುಸಿದಿರುವ ಸೂಚನೆಯಾಗಿರಬಹುದು. ತೊಲೆಯ ತುದಿಯಲ್ಲಿ ಅಥವಾ ಕಂಬದಲ್ಲಿ ಓರೆ ಬಿರುಕು ಕಂಡರೆ ಕಾಯುವಂತಿಲ್ಲ. ಅದಕ್ಕೆ ಸಿಮೆಂಟು ಸವರಿ ಬಣ್ಣ ಬಳಿದರೆ ಗುರುತು ಮಾಯವಾಗುತ್ತದೆ, ಅಪಾಯ ಉಳಿಯುತ್ತದೆ.

ಮಹಾರಾಷ್ಟ್ರದ ಗೃಹನಿರ್ಮಾಣ ಸಹಕಾರಿ ಸಂಘಗಳ ಮಾದರಿ ಉಪವಿಧಿಗಳ ಪ್ರಕಾರ 15ರಿಂದ 30 ವರ್ಷದ ಕಟ್ಟಡಗಳಿಗೆ 5 ವರ್ಷಕ್ಕೊಮ್ಮೆ, 30 ವರ್ಷ ಮೀರಿದವುಗಳಿಗೆ 3 ವರ್ಷಕ್ಕೊಮ್ಮೆ ಸ್ಟ್ರಕ್ಚರಲ್ ಆಡಿಟ್ ನಡೆಸಬೇಕು. ವಾರ್ಷಿಕ ಮಹಾಸಭೆಯಲ್ಲಿ ಈ ಖರ್ಚಿನ ಪ್ರಸ್ತಾಪ ಬಂದಾಗ ಮುಂದಿನ ವರ್ಷಕ್ಕೆ ದೂಡುವುದು ಅನೇಕ ಸೊಸೈಟಿಗಳ ರೂಢಿ. ಸದಸ್ಯರು ಆ ಸಭೆಗೆ ಹಾಜರಾಗಿ, ತಮ್ಮ ಮನೆಯ ಓರೆ ಬಿರುಕುಗಳ ಛಾಯಾಚಿತ್ರವನ್ನು ದಿನಾಂಕದೊಂದಿಗೆ ಕಾರ್ಯದರ್ಶಿಗೆ ಲಿಖಿತವಾಗಿ ಸಲ್ಲಿಸಿ, ಮಳೆಗಾಲಕ್ಕೆ ಮುನ್ನವೇ ಪರೀಕ್ಷೆ ನಡೆಯುವಂತೆ ಆಗ್ರಹಿಸುವುದು ಉಚಿತ.