ಕೋಟೆ, ಗುಡ್ಡ ಮತ್ತು ಚಿತ್ರಕತೆ

ಬೈಲಹೊಂಗಲ, ಕಿತ್ತೂರು, ಸವದತ್ತಿ, ರಾಮದುರ್ಗ. ಈ ಸೀಮೆ ಸಿನೆಮಾದವರ ಕಣ್ಣಿಗೆ ಬಿದ್ದದ್ದು ಎರಡೇ ಕಡೆಯಿಂದ: ಕಿತ್ತೂರಿನ ಕೋಟೆ, ಇಲ್ಲವೆ ಸವದತ್ತಿಯ ಎಲ್ಲಮ್ಮನ ಗುಡ್ಡ. (ರಾಮದುರ್ಗ ಸಂಸ್ಥಾನದಲ್ಲಿ 1939ರಲ್ಲಿ ಜನ ದಂಗೆ ಎದ್ದದ್ದೂ ಒಂದು ಚಿತ್ರಕ್ಕೆ ಸಾಲುವಷ್ಟು ಕತೆಯೇ, ಅದು ಬೇರೆ ಮಾತು.) ನಟರ, ನಿರ್ದೇಶಕರ ಬಗ್ಗೆ ಆಡಿದಷ್ಟು ಮಾತನ್ನು ನಮ್ಮ ವಿಮರ್ಶೆ ಚಿತ್ರಕತೆ ಬರೆದವನ ಬಗ್ಗೆ ಆಡಿಲ್ಲ. ಯಾರು ತೆರೆಯ ಮೇಲೆ ಬರಬೇಕು, ಯಾರು ಅಗಸಿ ಹೊರಗೇ ನಿಲ್ಲಬೇಕು ಅನ್ನೋದನ್ನ ಮೊದಲು ತೀರ್ಮಾನಿಸುವವನು ಅವನೇ.

ಬಿ.ಆರ್. ಪಂತುಲು ಅವರ ‘ಕಿತ್ತೂರು ಚೆನ್ನಮ್ಮ’ (1961) ಅರಮನೆಯ ಕತೆ. ಅರ್ಧ ಶತಮಾನ ಕಳೆದ ಮೇಲೆ, 2012ರಲ್ಲಿ, ಕೇಶವಾದಿತ್ಯ ಬರೆದು ನಾಗಣ್ಣ ನಿರ್ದೇಶಿಸಿದ ‘ಕ್ರಾಂತಿವೀರ ಸಂಗೊಳ್ಳಿ ರಾಯಣ್ಣ’ ಬಂತು. ರಾಣಿಯನ್ನು ಬಿಟ್ಟು ಕುರುಬರ ಶೇತಸನದಿಯ ಹತ್ತಿರ ಕತೆ ಬಂದದ್ದು ಸಣ್ಣ ಮಾತಲ್ಲ. ಆದರೂ ಅದು ನಿಂತದ್ದು ಕತ್ತಿ, ಕುದುರೆ, ಗಲ್ಲುಗಂಬದ ಮೇಲೆಯೇ. ಥ್ಯಾಕರೆ ಸತ್ತದ್ದು 1824ರ ಅಕ್ಟೋಬರ್ 23ಕ್ಕೆ, ಚೆನ್ನಮ್ಮ ಬೈಲಹೊಂಗಲದ ಸೆರೆಯಲ್ಲಿ ತೀರಿಕೊಂಡದ್ದು 1829ರಲ್ಲಿ, ರಾಯಣ್ಣನನ್ನು ನಂದಗಡದಲ್ಲಿ ಗಲ್ಲಿಗೇರಿಸಿದ್ದು 1831ರ ಜನವರಿ 26ಕ್ಕೆ. ಇಷ್ಟು ಎಲ್ಲರ ಬಾಯಲ್ಲೂ ಇದೆ. ರಾಯಣ್ಣನ ದಂಡು ಕಚೇರಿಗಳಿಗೆ ಬೆಂಕಿ ಇಟ್ಟು ದಫ್ತರ ಸುಟ್ಟದ್ದೇಕೆ ಎಂದು ಕೇಳಿದವರು ಕಡಿಮೆ. ಶೇತಸನದಿ ಅಂದರೆ ಊರ ಕಾವಲಿಗೆ ಪ್ರತಿಯಾಗಿ ಸನದಿನ ಮೇಲೆ ಹೊಲ ಉಂಡವನು. ಅವನ ವೈರಿ ಕಾಗದದೊಳಗಿದ್ದ.

ಈ ಕಾಗದದ ಕತೆ ಹೊಲಗೇರಿಯಲ್ಲಿ ಇನ್ನೂ ಉದ್ದ. ತುಂಡು ಹೊಲದ ಆಸೆ ತೋರಿಸಿ ಊರ ಚಾಕರಿಗೆ ಕಟ್ಟಿಹಾಕಿದ ವತನದ ಕಾಯಿದೆಯನ್ನು ತಿದ್ದಲು ಅಂಬೇಡ್ಕರ್ ಮುಂಬಯಿ ಶಾಸನಸಭೆಗೆ ಮಸೂದೆ ತಂದದ್ದು 1928ರಲ್ಲಿ. ಬೆಳಗಾವಿ ಜಿಲ್ಲೆ ಆಗ ಮುಂಬಯಿ ಪ್ರಾಂತ್ಯದಲ್ಲೇ ಇತ್ತು. ಆ ಬೆಂಕಿಯಿಂದ ಈ ಮಸೂದೆಯವರೆಗೆ ಒಂದು ಎಳೆ ಎಳೆಯಬಲ್ಲ ಚಿತ್ರಕತೆಗಾರ ನಮಗೆ ಬೇಕು.

ಇನ್ನು ಗುಡ್ಡ. ಟಿ.ಎಸ್. ರಂಗಾ 1984ರಲ್ಲಿ ‘ಗಿಧ್’ ಮಾಡಿದ್ದು ಹಿಂದಿಯಲ್ಲಿ. 2009ರ ‘ಜೋಗ್ವಾ’ ಮರಾಠಿಯದು. ರಾಜನ್ ಗವಸ ಅವರ ಕಾದಂಬರಿಗಳ ಆಧಾರ, ಚಿತ್ರಕತೆ ಸಂಜಯ ಕೃಷ್ಣಾಜಿ ಪಾಟೀಲರದು. ಪ್ರಾಮಾಣಿಕ ಕೆಲಸಗಳೇ. ಮುತ್ತು ಕಟ್ಟುವುದನ್ನು 1934ರ ಮುಂಬಯಿ ಕಾಯಿದೆ ನಿಷೇಧಿಸಿತ್ತು, 1982ರ ಕರ್ನಾಟಕದ ಕಾಯಿದೆ ಮತ್ತೆ ನಿಷೇಧಿಸಿತು. ಮುತ್ತು ಕಟ್ಟಿಸಿಕೊಂಡವರು ಬಹುಪಾಲು ನಮ್ಮ ಕೇರಿಯ ಹುಡುಗಿಯರು. ಕರುಣೆ ಹುಟ್ಟೋದು ಸಹಜ. ಆದರೆ ಕರುಣೆಯಿಂದ ಬರೆದ ಜೋಗತಿ ಬರೀ ಅಳುತ್ತಾಳೆ, ಕತೆ ಹೇಳೋದಿಲ್ಲ. ನಿಜದ ಜೋಗತಿ ಕತೆಗಾರ್ತಿ. ಕಂಕುಳಲ್ಲಿ ಚೌಡಿಕೆ ಇಟ್ಟುಕೊಂಡು ಒಬ್ಬಳು ರೇಣುಕೆಯ ಕತೆ ಎತ್ತಿದರೆ, ತುಂತುಣಿ ಹಿಡಿದವಳು ನಡುವೆ ತಡೆದು ‘ಮುಂದ ಏನಾತವ್ವಾ?’ ಅಂತಾಳೆ, ಚೇಷ್ಟೆ ಮಾಡ್ತಾಳೆ. ಗಂಡನ ಮಾತಿಗೆ ಮಗನೇ ತಾಯಿಯ ತಲೆ ಕಡಿದ ಕತೆ ಅದು. ರಂಡಿ ಹುಣ್ಣಿಮೆಗೆ ಬಳೆ ಒಡೆದು ಮುತ್ತೈದೆ ಹುಣ್ಣಿಮೆಗೆ ಮತ್ತೆ ಇಡಿಸಿಕೊಳ್ಳುವವರು ಅದನ್ನು ಹೇಳುವಾಗ ಪುರಾಣಿಕರ ಅರ್ಥ ಉಳಿಯೋದಿಲ್ಲ.

ಒಬ್ಬ ನಾಯಕ, ಅವನಿಗೊಂದು ಗುರಿ ಎಂದು ಕಲಿಸುವ ಚಿತ್ರಕತೆಯ ಪಾಠಕ್ಕಿಂತ ಈ ಮೇಳ ನನಗೆ ದೊಡ್ಡದಾಗಿ ಕಾಣುತ್ತದೆ. ಇಲ್ಲಿ ಕೇಳುವವಳಿಗೂ ಕತೆಯಲ್ಲಿ ಪಾಲಿದೆ. ಕೈಯಲ್ಲಿ ದುಡ್ಡಿಲ್ಲದೆ ಸಣ್ಣ ಚಿತ್ರಗಳನ್ನು ಬರೆಯುವ ನಮ್ಮ ಹುಡುಗರು ದಫ್ತರ ಸುಟ್ಟ ರಾತ್ರಿಯನ್ನು ಒಬ್ಬ ಜೋಗತಿಯ ಬಾಯಿಂದ ಹೇಳಿಸಿ ನೋಡಲಿ. ಅಗಸಿ ಹೊರಗೆ ನಿಂತಿದ್ದ ವಾಲೀಕಾರನ ಹೆಸರೇನು ಅಂತ ತುಂತುಣಿಯವಳು ಕೇಳಲಿ.