ಪ್ರಾಜೆಕ್ಟ್ ಜಾಂಬಾಯ್ಡ್ ಆಟದಲ್ಲಿ ಕಾಯಿಲೆ ಮತ್ತು ಆರೈಕೆ

‘ಪ್ರಾಜೆಕ್ಟ್ ಜಾಂಬಾಯ್ಡ್’ ಬ್ರಿಟನ್ನಿನ ದಿ ಇಂಡೀ ಸ್ಟೋನ್ ಎಂಬ ಪುಟ್ಟ ಸಂಸ್ಥೆ 2011ರಿಂದ ಕಟ್ಟುತ್ತ ಬಂದಿರುವ ವಿಡಿಯೊ ಗೇಮ್. ಸತ್ತವರು ಎದ್ದು ಓಡಾಡುವ ಊರುಗಳಲ್ಲಿ ಆದಷ್ಟು ದಿನ ಜೀವ ಹಿಡಿದಿರುವುದಷ್ಟೇ ಇಲ್ಲಿ ಆಟಗಾರನ ಕೆಲಸ. ಗೆಲುವು ಎಂಬುದಿಲ್ಲ, ಇದು ನೀನು ಸತ್ತ ಬಗೆಯ ಕಥೆ ಎಂದು ಹೊಸ ಆಟ ತೆರೆದೊಡನೆ ಪರದೆಯೇ ಹೇಳಿಬಿಡುತ್ತದೆ. ಕಥೆಯ ಕಾಲ 1993ರ ಜುಲೈ, ಜಾಗ ಅಮೆರಿಕದ ಕೆಂಟಕಿ ರಾಜ್ಯ. ಮಲ್ಡ್ರಾ, ವೆಸ್ಟ್ ಪಾಯಿಂಟ್, ಲೂಯಿವಿಲ್ ನಿಜವಾದ ಊರುಗಳೇ. ಅವುಗಳ ಸುತ್ತ ಆಟ ಕಟ್ಟಿಕೊಂಡ ‘ನಾಕ್ಸ್ ಕೌಂಟಿ’ ಮಾತ್ರ ಕಲ್ಪಿತ. ಅದೇ ಹೆಸರಿನ ನಿಜವಾದ ಕೌಂಟಿ ಇರುವುದು ರಾಜ್ಯದ ಆಗ್ನೇಯ ಭಾಗದಲ್ಲಿ. ಮನುಷ್ಯರನ್ನು ಜಾಂಬಿಗಳಾಗಿಸುವ ರೋಗಕ್ಕೆ ನಾಕ್ಸ್ ಸೋಂಕು ಎಂಬ ಹೆಸರು.

ಈ ಆಟದ ಕಾಯಿಲೆಗಳ ಬಗ್ಗೆ ಬರವಣಿಗೆಗೆ ಕೊರತೆಯಿಲ್ಲ, ಒಂದಕ್ಕೊಂದು ತಾಳೆಯಾಗುವ ಬರವಣಿಗೆ ಕಡಿಮೆ. ಇದಕ್ಕೆ ಎರಡು ಕಾರಣ. ಆಟವು ‘ಬಿಲ್ಡ್’ ಎಂದು ಕರೆಯುವ ಕಂತುಗಳಲ್ಲಿ ಹೊರಬರುತ್ತ, ಪ್ರತಿ ಕಂತಿನಲ್ಲೂ ದೇಹದ ನಿಯಮಗಳನ್ನು ಒಂದಿಷ್ಟು ತಿದ್ದಿಕೊಂಡಿದೆ. ಕೈಪಿಡಿ ಬರೆದವರು ತಾವು ಯಾವ ಬಿಲ್ಡ್ ನೋಡಿ ಬರೆದೆವೆಂದು ಹೇಳುವುದು ಅಪರೂಪ. ಎರಡನೆಯದು ಆಟದೊಳಗಿನ ಕಾರಣ: ಬೇರೆ ಬೇರೆ ಕಾಯಿಲೆಗಳನ್ನು ಆಟ ಒಂದೇ ಚಿಹ್ನೆಯಿಂದ ತೋರಿಸುತ್ತದೆ. ಹೀಗಾಗಿ ತಂಗಳು ತಿಂದು ಹೊಟ್ಟೆ ಕೆಟ್ಟವರ ಅನುಭವವೂ ಜಾಂಬಿ ಕಡಿತದಿಂದ ಸತ್ತವರ ಅನುಭವವೂ ಕೈಪಿಡಿಗಳಲ್ಲಿ ಕಲಸಿಹೋಗಿವೆ.

ಕೇಟ್‌ಳ ಕಾಲು

ಆಟದ ಮೊದಲ ರೋಗಿ ಆಟಗಾರನಲ್ಲ. 2011ರ ಡೆಮೊದಲ್ಲಿ ಬಾಬ್ ಮತ್ತು ಕೇಟ್ ಎಂಬ ದಂಪತಿಯ ಕಥೆಯಿತ್ತು. ಕೇಟ್‌ಳ ಕಾಲು ಮುರಿದಿದೆ. ಬಾಬ್‌ನ ಪಾತ್ರದಲ್ಲಿರುವ ಆಟಗಾರ ಬಟ್ಟೆ ಹುಡುಕಿ ಕಾಲಿಗೆ ಕಟ್ಟಬೇಕು, ನೋವಿನ ಮಾತ್ರೆ ತರಬೇಕು, ಸೂಪ್ ಕಾಯಿಸಿ ಕುಡಿಸಬೇಕು. ಒಲೆ ಆರಿಸಲು ಮರೆತು ಹೊರಹೋದವನ ಮನೆ ಹೊತ್ತಿ ಉರಿಯುತ್ತಿತ್ತು. ದಿಂಬಿನಿಂದ ಅವಳ ಉಸಿರು ಕಟ್ಟಿಸುವ ಆಯ್ಕೆಯೂ ಇತ್ತು, ಅದರ ಬಗ್ಗೆ ಸಾಕಷ್ಟು ಚರ್ಚೆಯೂ ನಡೆಯಿತು. ಈ ಡೆಮೊವನ್ನು ಸಾಮಾನ್ಯವಾಗಿ ಆಟದ ಪೀಠಿಕೆಯೆಂದು ಎರಡು ಸಾಲಿನಲ್ಲಿ ಮುಗಿಸುತ್ತಾರೆ. ಕಾಯಿಲೆಯ ಚರಿತ್ರೆಗೆ ಅದು ಅಷ್ಟು ಚಿಕ್ಕದಲ್ಲ. ಇನ್ನೊಬ್ಬರ ಶುಶ್ರೂಷೆಯೇ ಆಟದ ತಿರುಳಾಗಿದ್ದದ್ದು ಆಗಮಾತ್ರ. ಮುಂದೆ ಕಥೆಯನ್ನೂ ಕಂಪ್ಯೂಟರ್ ನಡೆಸುವ ಜೊತೆಗಾರರನ್ನೂ ತೆಗೆದುಹಾಕಿದಾಗ ಆರೈಕೆಯೆಂದರೆ ಒಂಟಿ ಮನುಷ್ಯ ತನ್ನ ಮೈಯನ್ನು ತಾನೇ ನೋಡಿಕೊಳ್ಳುವುದು ಎಂದಾಯಿತು.

2011ರ ಕೊನೆಯಲ್ಲಿ ಡೆವಲಪರ್‌ಗಳ ಲ್ಯಾಪ್‌ಟಾಪ್‌ಗಳು ಕಳುವಾಗಿ ಕೆಲಸ ಹಿಂದೆ ಬಿದ್ದದ್ದು, 2013ರ ನವೆಂಬರ್‌ನಲ್ಲಿ ಆಟ ಸ್ಟೀಮ್ ಮಾರಾಟತಾಣಕ್ಕೆ ಬಂದದ್ದು ಬೇಕಾದಷ್ಟು ಕಡೆ ದಾಖಲಾಗಿವೆ. ಡೆಮೊ ನಂತರದ ಬಿಲ್ಡ್‌ಗಳಲ್ಲಿ ದೇಹದ ಒಂದೊಂದು ಭಾಗದ ಗಾಯವನ್ನೂ ಬೇರೆಯಾಗಿ ತೋರಿಸುವ ಹೆಲ್ತ್ ಪ್ಯಾನೆಲ್ ಬಂತು. ಕಾಡಿನ ಗಿಡಮೂಲಿಕೆಗಳೂ ಬಂದವು. ನಂಜಾದ ಗಾಯಕ್ಕೆ ಕಾಡುಬೆಳ್ಳುಳ್ಳಿಯ ಪಟ್ಟು, ಮುರಿದ ಮೂಳೆಗೆ ಕಾಂಫ್ರಿ, ಕೆಟ್ಟ ಹೊಟ್ಟೆಗೆ ನಿಂಬೆಹುಲ್ಲು. ಇವುಗಳಲ್ಲಿ ಯಾವುದೂ ನಾಕ್ಸ್ ಸೋಂಕನ್ನು ಮುಟ್ಟುವುದಿಲ್ಲ.

ಒಂದು ಚಿಹ್ನೆ, ಹಲವು ಕಾಯಿಲೆ

ಪರದೆಯ ಬಲಬದಿಯಲ್ಲಿ ಹಸಿವು, ದಣಿವು, ಭಯ ಮೊದಲಾದ ಸ್ಥಿತಿಗಳನ್ನು ತೋರಿಸುವ ಪುಟ್ಟ ಚಿತ್ರಗಳಿಗೆ ಆಟ ‘ಮೂಡ್ಲ್’ ಎನ್ನುತ್ತದೆ. ಅಸ್ವಸ್ಥತೆಯ ಮೂಡ್ಲ್‌ಗೆ ನಾಲ್ಕು ಹಂತ: ಹೊಟ್ಟೆ ತೊಳಸು, ಓಕರಿಕೆ, ಕಾಯಿಲೆ, ಜ್ವರ. ಹಸಿ ಮಾಂಸ ಅಥವಾ ಕೊಳೆತ ಆಹಾರ ತಿಂದರೂ ಇದೇ ಚಿತ್ರ. ಕಾಯಿಸದ ಹೊಳೆನೀರು, ಮಳೆನೀರು ಕುಡಿದರೂ ಇದೇ. ಜನರೇಟರನ್ನು ಮನೆಯೊಳಗಿಟ್ಟು ಓಡಿಸಿ ಹೊಗೆ ಕುಡಿದರೂ, ಹೆಣಗಳ ರಾಶಿಯ ನಡುವೆ ಬಹಳ ಹೊತ್ತು ನಿಂತರೂ, ನಾಕ್ಸ್ ಸೋಂಕು ತಗಲಿದರೂ ಇದೇ. ಮೊದಲಿನವುಗಳಿಂದ ಚೇತರಿಸಿಕೊಳ್ಳಬಹುದು: ಕಾರಣದಿಂದ ದೂರ ಸರಿದು, ಹೊಟ್ಟೆತುಂಬ ಒಳ್ಳೆಯ ಆಹಾರ ತಿಂದು, ಮಲಗಿದರೆ ಮೂಡ್ಲ್ ಇಳಿಯುತ್ತದೆ. ಕೊನೆಯದರಿಂದ ಸಾಧ್ಯವಿಲ್ಲ. ಮೂಡ್ಲ್ ಕಾಣಿಸಿಕೊಂಡ ಮೊದಲ ಗಂಟೆಗಳಲ್ಲಿ ಯಾವುದು ಬಂದಿದೆ ಎಂದು ತಿಳಿಯಲು ಆಟಗಾರನಿಗೆ ತನ್ನ ನೆನಪೇ ಗತಿ: ನಿನ್ನೆ ಏನು ತಿಂದೆ, ಎಲ್ಲಿ ನಿಂತಿದ್ದೆ, ಯಾರು ಪರಚಿದರು?

ಗೊಂದಲದ ಇನ್ನೊಂದು ಮೂಲ ಹೆಲ್ತ್ ಪ್ಯಾನೆಲ್. ಕೊಳಕು ಬ್ಯಾಂಡೇಜ್ ಕಟ್ಟಿದ ಗಾಯ ನಂಜಾದರೆ ಪ್ಯಾನೆಲ್‌ನಲ್ಲಿ ಅದರ ಎದುರು ಸೋಂಕು ಎಂದು ಬರೆದುಕೊಳ್ಳುತ್ತದೆ. ಹೊಸಬರು ಇದನ್ನು ಕಂಡು ಪಾತ್ರವನ್ನೇ ಕೈಬಿಟ್ಟ ಉದಾಹರಣೆಗಳು ಹೇರಳ. ವಾಸ್ತವದಲ್ಲಿ ಈ ನಂಜು ಗಾಯ ಮಾಯುವುದನ್ನು ತಡಮಾಡುವುದಕ್ಕಿಂತ ಹೆಚ್ಚಿನ ಕೇಡು ಮಾಡುವುದಿಲ್ಲ. ಆಲ್ಕೊಹಾಲ್‌ನಲ್ಲಿ ಒರೆಸಿ, ಶುಭ್ರವಾದ ಬ್ಯಾಂಡೇಜ್ ಕಟ್ಟಿ, ಆಂಟಿಬಯೋಟಿಕ್ ನುಂಗಿದರೆ ಹೋಗುತ್ತದೆ. ಕೊಲ್ಲುವ ನಾಕ್ಸ್ ಸೋಂಕಿನ ಸುದ್ದಿಯನ್ನು ಪ್ಯಾನೆಲ್ ಎತ್ತುವುದೇ ಇಲ್ಲ. ಸಾಧುವಾದದ್ದನ್ನು ಸಾರಿ ಹೇಳಿ ಪ್ರಾಣಾಂತಕವಾದದ್ದನ್ನು ಮುಚ್ಚಿಡುವ ಈ ಏರ್ಪಾಡಿನಿಂದಲೇ ಗಟ್ಟಿಮುಟ್ಟಾದ ಒಂದು ತಪ್ಪು ನಂಬಿಕೆ ಹುಟ್ಟಿತು: ಪರಚಿದ ಕೂಡಲೇ ಡಿಸಿನ್ಫೆಕ್ಟಂಟ್ ಹಚ್ಚಿದರೆ ಜಾಂಬಿಯಾಗುವುದು ತಪ್ಪುತ್ತದೆ ಎಂಬುದು. ಪರಚಿದ ಗಾಯಗಳಲ್ಲಿ ಬಹುಪಾಲು ಸೋಂಕು ತಾರದೆ ಮಾಯುವುದರಿಂದ, ಮದ್ದು ಹಚ್ಚಿದವರಿಗೆಲ್ಲ ಮದ್ದೇ ಕಾಪಾಡಿತೆಂದು ತೋರಿತು. ನಾಕ್ಸ್ ಸೋಂಕು ತಗಲುತ್ತದೋ ಇಲ್ಲವೋ ಎಂಬುದು ಗಾಯವಾದ ಕ್ಷಣದಲ್ಲೇ ತೀರ್ಮಾನವಾಗಿರುತ್ತದೆ. ಆಮೇಲೆ ಹಚ್ಚಿದ್ದು ಗಾಯಕ್ಕಷ್ಟೇ.

ಹಳೆಯ ಬಿಲ್ಡ್‌ಗಳಲ್ಲಿ ಪಾತ್ರಕ್ಕೆ ಆರಿಸಿಕೊಳ್ಳುವ ಗುಣಗಳ ಪಟ್ಟಿಯಲ್ಲಿ ಇಲ್ಲದ ರೋಗದ ಲಕ್ಷಣ ತೋರಿಸುವ ‘ಹೈಪೊಕಾಂಡ್ರಿಯಾಕ್’ ಎಂಬ ದೋಷವೂ ಇತ್ತು. ಅನುಮಾನವನ್ನೇ ಆಟದ ಭಾಗವಾಗಿಸುವ ಉದ್ದೇಶ ಮೊದಲಿನಿಂದ ಇತ್ತೆಂಬುದಕ್ಕೆ ಅದು ಒಳ್ಳೆಯ ಸಾಕ್ಷಿ.

ಕಡಿತದ ಲೆಕ್ಕ

ಕೈಪಿಡಿಗಳು ಪರಸ್ಪರ ಹೆಚ್ಚು ಜಗಳವಾಡುವುದು ಸೋಂಕು ತಗಲುವ ಸಾಧ್ಯತೆಯ ಶೇಕಡಾವಾರು ಅಂಕಿಗಳಲ್ಲಿ. ಬಿಲ್ಡ್ 41ರ ಲೆಕ್ಕ ಸ್ಪಷ್ಟ: ಜಾಂಬಿ ಪರಚಿದರೆ ನೂರಕ್ಕೆ 7, ಚರ್ಮ ಸೀಳಿದರೆ 25, ಕಚ್ಚಿದರೆ 100. ಅದಕ್ಕೂ ಹಿಂದಿನ ಕೈಪಿಡಿಗಳು ಕಡಿತಕ್ಕೆ 96 ಎಂಬ ಅಂಕಿ ಕೊಡುತ್ತವೆ. ಆ ಉಳಿದ ನಾಲ್ಕು ಸಣ್ಣ ಸಂಖ್ಯೆಯಾದರೂ ಆಟಗಾರರ ನಡವಳಿಕೆಯ ಮೇಲೆ ಅದರ ಪರಿಣಾಮ ದೊಡ್ಡದು. ಕಚ್ಚಿಸಿಕೊಂಡವನು ಕೋಣೆಯಲ್ಲಿ ಬಾಗಿಲು ಹಾಕಿ ಎರಡು ದಿನ ಕಾಯುವುದಕ್ಕೆ ಆಗ ಅರ್ಥವಿತ್ತು. ಬಿಲ್ಡ್ 41ರ ನಂತರ ಕಚ್ಚಿಸಿಕೊಂಡವನಿಗೆ ಉಳಿದ ಕೆಲಸವೆಂದರೆ ಸಾಮಾನುಗಳನ್ನು ಮುಂದಿನ ಪಾತ್ರ ಹುಡುಕಬಲ್ಲ ಜಾಗದಲ್ಲಿಡುವುದು. ಇಂದಿಗೂ ಕಡಿತದಿಂದ ಬದುಕಿದೆನೆಂದು ಯಾರಾದರೂ ಹೇಳಿದರೆ ಅವರು ಹಳೆಯ ಬಿಲ್ಡ್ ಆಡಿರಬೇಕು, ಇಲ್ಲವೇ ನಿಯಮ ಬದಲಿಸಿಕೊಂಡಿರಬೇಕು.

ನಿಯಮ ಬದಲಿಸುವ ಅವಕಾಶವನ್ನು ಆಟವೇ ಕೊಡುತ್ತದೆ. ಸ್ಯಾಂಡ್‌ಬಾಕ್ಸ್ ವಿಭಾಗದಲ್ಲಿ ಸೋಂಕು ರಕ್ತ ಮತ್ತು ಎಂಜಲಿನಿಂದ ಹರಡಬೇಕೋ, ಎಂಜಲಿನಿಂದ ಮಾತ್ರವೋ, ಹರಡಲೇಬಾರದೋ ಎಂದು ಆರಿಸಬಹುದು. ಎಂಜಲು ಮಾತ್ರ ಎಂದರೆ ಪರಚಿದ್ದರಿಂದ ಭಯವಿಲ್ಲ, ಕಡಿತದಿಂದಷ್ಟೇ. ಎಲ್ಲರಿಗೂ ಮೊದಲೇ ಸೋಂಕಿದೆ, ಹೇಗೆ ಸತ್ತರೂ ಎದ್ದೇಳುತ್ತಾರೆ ಎಂಬ ನಾಲ್ಕನೆಯ ಆಯ್ಕೆ ಜಾರ್ಜ್ ರೊಮೆರೊನ 1968ರ ಚಲನಚಿತ್ರದ ನಿಯಮಕ್ಕೆ ಹತ್ತಿರ. ಸಾಯಲು ಹಿಡಿಯುವ ಕಾಲವನ್ನೂ ಕೆಲವೇ ಕ್ಷಣಗಳಿಂದ ವಾರಗಳವರೆಗೆ ಬದಲಿಸಬಹುದು. ರೂಢಿಯದು ಎರಡು ಮೂರು ದಿನ. ‘ರೆಸಿಲಿಯಂಟ್’ ಎಂಬ ಗುಣ ತೆಗೆದುಕೊಂಡವರಿಗೆ ಸೋಂಕು ತಗಲುವ ಸಾಧ್ಯತೆ ತಗ್ಗುತ್ತದೆ ಎಂದು ಬರೆದವರಿದ್ದಾರೆ. ಅದು ಸರಿಯಲ್ಲ, ಆ ಗುಣ ಸೋಂಕು ಏರುವ ವೇಗವನ್ನಷ್ಟೇ ತಗ್ಗಿಸುತ್ತದೆ.

ರೋಗದ ಹಿನ್ನೆಲೆಯ ಬಗ್ಗೆ ಆಟದೊಳಗಿನ ರೇಡಿಯೊ, ಟೀವಿ ಪ್ರಸಾರಗಳು ತುಣುಕು ತುಣುಕಾಗಿ ಹೇಳುತ್ತವೆ. ಮೊದಲ ದಿನಗಳಲ್ಲಿ ಸೇನೆ ಕೌಂಟಿಗೆ ಬೇಲಿ ಹಾಕುತ್ತದೆ. ಮುಂದೆ ರೋಗ ಗಾಳಿಯಲ್ಲಿ ಹರಡತೊಡಗಿ ಬೇಲಿಯ ಆಚೆಗೂ ಹೋಗುತ್ತದೆ. ಬದುಕುಳಿದ ಆಟಗಾರನಿಗೆ ಗಾಳಿಯ ಸೋಂಕು ತಟ್ಟುವುದಿಲ್ಲ, ಕಡಿತ ತಟ್ಟುತ್ತದೆ ಎಂಬ ವಿವರಣೆ ಇದರಿಂದ ಹೊರಡುತ್ತದೆ. ರೋಗ ಎಲ್ಲಿಂದ ಬಂತೆಂಬುದನ್ನು ಆಟ ಬಾಯಿಬಿಟ್ಟು ಹೇಳುವುದಿಲ್ಲ.

ಬಿಲ್ಡ್ 41

2019ರ ಅಕ್ಟೋಬರ್‌ನಲ್ಲಿ ಪರೀಕ್ಷೆಗೆ ಬಂದು 2021ರ ಡಿಸೆಂಬರ್‌ನಲ್ಲಿ ಪೂರ್ಣಗೊಂಡ ಬಿಲ್ಡ್ 41ನ್ನು ಹೊಸ ಅನಿಮೇಶನ್‌ಗಾಗಿ ನೆನೆಯುವುದು ವಾಡಿಕೆ. ಕಾಯಿಲೆಯ ದೃಷ್ಟಿಯಿಂದ ಅದರ ದೊಡ್ಡ ಬದಲಾವಣೆ ಬಟ್ಟೆ. ಒಂದೊಂದು ಉಡುಪಿಗೂ ಕಡಿತ, ಪರಚಿಕೆಗಳನ್ನು ತಡೆಯುವ ಶಕ್ತಿಯ ಅಂಕಿ ಬಂತು. ತೊಗಲಿನ ತೇಪೆ ಹಾಕಿ ಅದನ್ನು ಹೆಚ್ಚಿಸಿಕೊಳ್ಳಬಹುದಾಯಿತು. ವಾಸಿಯಾಗದ ರೋಗಕ್ಕೆ ದರ್ಜಿಕೆಲಸವೇ ಮುನ್ನೆಚ್ಚರಿಕೆಯಾದ ಆಟಗಳು ಹೆಚ್ಚಿಲ್ಲ. ದೇಹದ ಶಾಖದ ಲೆಕ್ಕವೂ ಬಿಗಿಯಾಯಿತು. ಮಳೆಯಲ್ಲಿ ನೆನೆದು ಚಳಿಗೆ ಸಿಕ್ಕವನಿಗೆ ನೆಗಡಿ. ನೆಗಡಿ ನೇರವಾಗಿ ಕೊಲ್ಲುವುದಿಲ್ಲ, ಸೀನು ಮತ್ತು ಕೆಮ್ಮಿನ ಸದ್ದಿಗೆ ಜಾಂಬಿಗಳು ಬರುತ್ತವೆ. ಕೈಯಲ್ಲಿ ಟಿಶ್ಯೂ ಹಿಡಿದಿದ್ದರೆ ಸದ್ದು ತಗ್ಗುತ್ತದೆ.

ಹೀಗೆ ಕಾಯಿಲೆಗಳಿಗೆ ಒಂದು ಕಾಲಾನುಕ್ರಮವೇ ಏರ್ಪಟ್ಟಿತು. ರೂಢಿಯ ನಿಯಮಗಳಲ್ಲಿ ಮೊದಲ ಮೂವತ್ತು ದಿನಗಳೊಳಗೆ ಯಾವಾಗಲೋ ನಲ್ಲಿನೀರೂ ವಿದ್ಯುತ್ತೂ ನಿಲ್ಲುತ್ತವೆ. ಅಲ್ಲಿಯವರೆಗೆ ಆಟಗಾರರನ್ನು ಕೊಲ್ಲುವುದು ಬಹುಮಟ್ಟಿಗೆ ಕಡಿತ. ಫ್ರಿಜ್ ನಿಂತ ಮೇಲೆ ಆಹಾರ ಹಳಸಿ, ನೀರು ಕಾಯಿಸಲೇಬೇಕಾಗಿ ಹೊಟ್ಟೆಯ ಕಾಯಿಲೆಗಳ ಸರದಿ. ಕೊಂದ ಜಾಂಬಿಗಳ ಹೆಣಗಳನ್ನು ಮನೆಯ ಸುತ್ತ ಬಿಟ್ಟವರಿಗೆ ನೊಣಗಳ ಸದ್ದಿನೊಡನೆ ಹೆಣದ ಕಾಯಿಲೆ. ಹೂಳುವುದು ಅಥವಾ ಸುಡುವುದು ಇದಕ್ಕೆ ಪರಿಹಾರ. ಅಣಬೆ, ಕಾಡುಹಣ್ಣುಗಳನ್ನು ನಂಬಿದವರಿಗೆ ವಿಷದ ಅಪಾಯ. ಯಾವುದು ವಿಷವೆಂಬುದು ಆಟದಿಂದ ಆಟಕ್ಕೆ ಬದಲಾಗುವುದರಿಂದ ಗಿಡಮೂಲಿಕೆಯ ತಿಳಿವಳಿಕೆ ಇರುವ ಪಾತ್ರವೇ ಬೇಕು.

2021ರ ಡಿಸೆಂಬರ್‌ನಲ್ಲಿ ಮಲ್ಟಿಪ್ಲೇಯರ್ ಈ ಬಿಲ್ಡ್‌ಗೆ ಸೇರಿದಾಗ ಆಟಗಾರರ ಸಂಖ್ಯೆ ಹಠಾತ್ತನೆ ಏರಿತು. ಒಬ್ಬರ ಗಾಯವನ್ನು ಇನ್ನೊಬ್ಬರು ಪರೀಕ್ಷಿಸಿ ಬ್ಯಾಂಡೇಜ್ ಕಟ್ಟುವ ಸೌಲಭ್ಯ ಹಳೆಯ ಮಲ್ಟಿಪ್ಲೇಯರ್‌ನಲ್ಲೂ ಇತ್ತಾದರೂ, ಅಷ್ಟು ಜನ ಅದನ್ನು ಬಳಸಿದ್ದು ಆಗಲೇ. ಕೇಟ್‌ಳ ಜೊತೆಗೆ ಹೋಗಿದ್ದ ಶುಶ್ರೂಷೆ ಹೀಗೆ ಮರಳಿತು. ಅದರೊಂದಿಗೆ ಸುಳ್ಳೂ ಬಂತು. ಕಚ್ಚಿಸಿಕೊಂಡದ್ದನ್ನು ಜೊತೆಗಾರರಿಂದ ಮುಚ್ಚಿಡುವವರು, ಅನುಮಾನ ಬಂದವರನ್ನು ಪ್ರತ್ಯೇಕ ಕೋಣೆಯಲ್ಲಿ ಕೂಡಿಹಾಕುವ ಸರ್ವರ್‌ಗಳು, ಬಾಗಿಲಲ್ಲಿ ಮೈ ತೋರಿಸದೆ ಒಳಗೆ ಬಿಡದ ಗುಂಪುಗಳು. ಆಟದ ನಿಯಮಗಳಲ್ಲಿ ಕ್ವಾರಂಟೈನ್ ಎಂಬುದಿಲ್ಲ. ಜನ ತಾವೇ ಕಟ್ಟಿಕೊಂಡರು. ಬಿಲ್ಡ್ 41ರ ವಿವರಣೆಗಳಲ್ಲಿ ಇದಕ್ಕೆ ಸಿಕ್ಕಿರುವ ಜಾಗ ಇದರ ಮಹತ್ವಕ್ಕೆ ತಕ್ಕಷ್ಟಿಲ್ಲ.

ಬಿಲ್ಡ್ 42 ಮತ್ತು ಮಾಡ್‌ಗಳು

2024ರ ಡಿಸೆಂಬರ್ 17ರಂದು ಪರೀಕ್ಷಾರೂಪದಲ್ಲಿ ಬಂದ ಬಿಲ್ಡ್ 42 ಪಶುಪಾಲನೆ, ಕುಶಲಕೆಲಸಗಳಿಗೆ ಹೆಸರಾಯಿತು. ಮುಖಗವಸು, ಗ್ಯಾಸ್ ಮಾಸ್ಕ್‌ಗಳಿಗೆ ಅದರಲ್ಲಿ ನಿಜವಾದ ಉಪಯೋಗ ಬಂದು ಹೆಣದ ಕಾಯಿಲೆಯಿಂದ ಕಾಪಾಡತೊಡಗಿದವು. ಮೊದಲು ಅವು ಬರಿಯ ಅಲಂಕಾರ. ಆಯುಧ ಬೀಸುತ್ತಲೇ ಇದ್ದರೆ ತೋಳು ನೋಯುವ ಸ್ನಾಯುಸೆಳೆತವೂ ಸೇರಿತು. ಅದರ ತೀವ್ರತೆಯ ಬಗ್ಗೆ ಆಟಗಾರರು ಗೊಣಗಿದ್ದು ದೊಡ್ಡ ಚರ್ಚೆಯಾಯಿತು.

ಕಡಿತಕ್ಕೆ ಮದ್ದು ಬೇಕೆಂಬ ಬೇಡಿಕೆಯನ್ನು ಪೂರೈಸಿದವರು ಡೆವಲಪರ್‌ಗಳಲ್ಲ, ಆಟವನ್ನು ತಿದ್ದುವ ‘ಮಾಡ್’ ಎಂಬ ತುಣುಕುಗಳನ್ನು ಬರೆಯುವ ಆಟಗಾರರು. ‘ದಿ ಓನ್ಲಿ ಕ್ಯೂರ್’ ಎಂಬ ಮಾಡ್‌ನಲ್ಲಿ ಕಚ್ಚಿದ ಕೈಯನ್ನು ಬೇಗ ಕತ್ತರಿಸಿಕೊಂಡರೆ ಜೀವ ಉಳಿಯುತ್ತದೆ, ಒಂದೇ ಕೈಯಲ್ಲಿ ಮುಂದಿನ ಬಾಳು. ‘ಆಂಟಿಬಾಡೀಸ್’ ಮಾಡ್‌ನಲ್ಲಿ ಚೆನ್ನಾಗಿ ತಿಂದು, ಚೆನ್ನಾಗಿ ನಿದ್ರಿಸಿ, ಮೈಯ ಪ್ರತಿರೋಧದಿಂದ ಸೋಂಕನ್ನು ಸೋಲಿಸಬಹುದು. ಬೇರೆ ಆಟಗಳು ಈ ದಾರಿಯನ್ನು ತಾವೇ ಹಿಡಿದಿವೆ: ‘ಕ್ಯಾಟಕ್ಲಿಸಂ: ಡಾರ್ಕ್ ಡೇಸ್ ಅಹೆಡ್’ನಲ್ಲಿ ಜಾಂಬಿ ಕಡಿತ ಆಂಟಿಬಯೋಟಿಕ್‌ಗೆ ಬಗ್ಗುವ ನಂಜು, 2018ರ ‘ಸ್ಟೇಟ್ ಆಫ್ ಡಿಕೇ 2’ರಲ್ಲಿ ಪ್ಲೇಗ್ ಜಾಂಬಿಗಳಿಂದ ತಂದ ಮಾದರಿಗಳಿಂದಲೇ ಔಷಧ. ಪ್ರಾಜೆಕ್ಟ್ ಜಾಂಬಾಯ್ಡ್‌ನ ಮೂಲ ಆಟದಲ್ಲಿ ಸೋಂಕನ್ನು ಮೊದಲೇ ಇಲ್ಲವಾಗಿಸುವ ಆಯ್ಕೆಯಿದೆ. ತಗಲಿದ ಸೋಂಕನ್ನು ವಾಸಿಮಾಡುವ ಔಷಧ ಬಿಲ್ಡ್ 41ರಲ್ಲೂ ಇಲ್ಲ, 42ರಲ್ಲೂ ಇಲ್ಲ.